ಪದದಿಂದ ಪದಕ್ಕೆ ಸೇತುವೆ: ‘ಕೋಡ್‌ನೇಮ್ಸ್’ ಆಟವನ್ನು ಕನ್ನಡ ತರಗತಿಯಲ್ಲಿ ಆಡಿಸುವ ಬಗೆ

ತರಗತಿ: 6ರಿಂದ 10
ಅವಧಿ: 40 ನಿಮಿಷಗಳ ಎರಡು ಪಾಠಗಳು

1. ಪೀಠಿಕೆ



ಗಡಿಯಾಚೆಯ ಕನ್ನಡ ಶಾಲೆಗಳಿಗೆ ತರಬೇತಿಯ ನಿಮಿತ್ತ ಹೋದಾಗಲೆಲ್ಲ ನಾನು ಮಕ್ಕಳಿಗೆ ಒಂದು ಸಣ್ಣ ಪರೀಕ್ಷೆಯನ್ನು ಒಡ್ಡುತ್ತೇನೆ. ಪಠ್ಯಪುಸ್ತಕದ ಪದಕೋಶದಿಂದ ಒಂದು ಪದವನ್ನು ಆರಿಸಿ ಅದರ ಅರ್ಥವನ್ನು ಕೇಳುತ್ತೇನೆ. ಹೆಚ್ಚಿನ ಮಕ್ಕಳು ತಡವರಿಸದೆ ಹೇಳುತ್ತಾರೆ. ಆಮೇಲೆ, ಅದೇ ಪದವನ್ನು ಕೇಳಿದೊಡನೆ ನೆನಪಿಗೆ ಬರುವ ಇನ್ನೂ ಮೂರು ಕನ್ನಡ ಪದಗಳನ್ನು ಹೇಳಿರೆಂದು ಕೇಳುತ್ತೇನೆ. ಆಗ ತರಗತಿ ಮೌನವಾಗುತ್ತದೆ. ‘ಸಂತೆ’ ಎಂಬುದಕ್ಕೆ ‘ಮಾರುಕಟ್ಟೆ’ ಎಂದು ಅರ್ಥ ಬರೆದ ಮಗುವಿಗೆ, ಸಂತೆಯ ಹಿಂದೆಯೇ ಬರಬೇಕಾದ ತಕ್ಕಡಿ, ಗದ್ದಲ, ಚೌಕಾಸಿ, ಮಂಡಕ್ಕಿ ಮುಂತಾದವು ಕನ್ನಡದಲ್ಲಿ ಬರುವುದಿಲ್ಲ.

ಇದು ಮಗುವಿನ ದಡ್ಡತನವಲ್ಲ. ಆ ಮಗು ಸಂತೆಯನ್ನು ಕಂಡಿರುವುದು ಮಲಯಾಳದಲ್ಲೋ ಮರಾಠಿಯಲ್ಲೋ ತೆಲುಗಿನಲ್ಲೋ. ಕನ್ನಡದಲ್ಲಿ ಕಂಡಿರುವುದು ಪುಸ್ತಕದ ಪುಟದಲ್ಲಿ ಮಾತ್ರ. ಅರ್ಥ ಗೊತ್ತಿದ್ದರೂ ನಂಟು ಗೊತ್ತಿಲ್ಲದ ಪದವು ಪರೀಕ್ಷೆ ಮುಗಿದ ಮರುವಾರವೇ ಮರೆತುಹೋಗುತ್ತದೆ. ಸಂವಿಧಾನದ 350ಎ ಅನುಚ್ಛೇದವು ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಶಿಕ್ಷಣಕ್ಕೆ ಸಾಕಷ್ಟು ಸೌಲಭ್ಯವನ್ನು ಒದಗಿಸಬೇಕೆಂದು ಹೇಳುತ್ತದೆ. ಕಟ್ಟಡ, ಪುಸ್ತಕ, ಶಿಕ್ಷಕರು ಆ ಸೌಲಭ್ಯದ ಹೊರಮೈ. ಮಗುವಿನ ತಲೆಯೊಳಗೆ ಕನ್ನಡದ ಪದಗಳು ಒಂದನ್ನೊಂದು ಕರೆಯುವಂತೆ ಮಾಡುವುದು ನಮ್ಮ ಕೈಯಲ್ಲಿರುವ ಕೆಲಸ. ಅದಕ್ಕೆ ನೆರವಾಗುವ ಒಂದು ಆಟವನ್ನು ಈ ಪಾಠದಲ್ಲಿ ಪರಿಚಯಿಸಲಾಗಿದೆ.

2. ಕಲಿಕೆಯ ಉದ್ದೇಶಗಳು

ಈ ಪಾಠದ ಕೊನೆಯಲ್ಲಿ ವಿದ್ಯಾರ್ಥಿಯು
(ಅ) ಎರಡು ಅಥವಾ ಹೆಚ್ಚು ಪದಗಳನ್ನು ಬೆಸೆಯುವ ಮೂರನೆಯ ಪದವೊಂದನ್ನು ಹುಡುಕಬಲ್ಲನು;
(ಆ) ಒಂದು ಪದದ ನಾನಾರ್ಥಗಳನ್ನು ಸಂದರ್ಭಕ್ಕೆ ತಕ್ಕಂತೆ ಗುರುತಿಸಬಲ್ಲನು;
(ಇ) ತನ್ನ ಊಹೆಗೆ ಕಾರಣವನ್ನು ಕನ್ನಡದಲ್ಲಿ ವಿವರಿಸಬಲ್ಲನು;
(ಈ) ಮನೆಮಾತಿನ ಅರ್ಥಕ್ಕೂ ಕನ್ನಡದ ಅರ್ಥಕ್ಕೂ ಇರುವ ಸಾಮ್ಯ-ಭೇದಗಳನ್ನು ತಿಳಿಯಬಲ್ಲನು.

3. ಆಟದ ಪರಿಚಯ

‘ಕೋಡ್‌ನೇಮ್ಸ್’ ಎಂಬ ಈ ಆಟವನ್ನು ರೂಪಿಸಿದವರು ಝೆಕ್ ದೇಶದ ವ್ಲಾಡಾ ಖ್ವಾಟಿಲ್. 2015ರಲ್ಲಿ ಪ್ರಕಟವಾದ ಇದಕ್ಕೆ 2016ರಲ್ಲಿ ಜರ್ಮನಿಯ ‘ವರ್ಷದ ಆಟ’ ಪ್ರಶಸ್ತಿ ದೊರೆಯಿತು. ಮೂಲದಲ್ಲಿ ಇದು ಗೂಢಚಾರರ ಕಥೆಯನ್ನು ಹೊದ್ದ ಆಟ. ಮೇಜಿನ ಮೇಲಿರುವ ಪದಗಳು ಗೂಢಚಾರರ ಗುಪ್ತನಾಮಗಳು. ತಮ್ಮ ತಂಡದ ಗೂಢಚಾರರನ್ನು ಮೊದಲು ಪತ್ತೆಹಚ್ಚಿದವರು ಗೆದ್ದಂತೆ. ತರಗತಿಗೆ ಆ ಕಥೆಯ ಅಗತ್ಯವಿಲ್ಲ. ಮೂಲದ ‘ಕೊಲೆಗಾರ’ನನ್ನು ನಾನು ‘ಕಂಟಕ ಪದ’ ಎಂದೂ ‘ದಾರಿಹೋಕ’ರನ್ನು ‘ತಟಸ್ಥ ಪದ’ಗಳೆಂದೂ ಕರೆಯುತ್ತೇನೆ. ತಂಡದ ಮುಂದಾಳುವಿಗೆ ‘ಸುಳಿವುಗಾರ’ ಎಂದು ಹೆಸರು.

4. ಸಾಮಗ್ರಿ

ಕೊಂಡು ತರಬೇಕಾದುದು ಏನೂ ಇಲ್ಲ. ಹಳೆಯ ಕ್ಯಾಲೆಂಡರಿನ ಹಾಳೆಗಳ ಅಥವಾ ಮದುವೆಯ ಕರೆಯೋಲೆಗಳ ಬೆನ್ನಿನ ಮೇಲೆ ಒಂದೊಂದು ಪದವನ್ನು ದಪ್ಪಕ್ಷರದಲ್ಲಿ ಬರೆದು ಕನಿಷ್ಠ 50 ಚೀಟಿಗಳನ್ನು ಸಿದ್ಧಪಡಿಸಿಕೊಳ್ಳಬೇಕು. ಒಂದು ಆಟಕ್ಕೆ 25 ಪದಗಳು ಬೇಕು. ಪ್ರತಿಯೊಂದು ಆಟಕ್ಕೂ ಒಂದು ‘ಕೀಲಿ ಚೀಟಿ’ ಇರಬೇಕು. ಅದರಲ್ಲಿ ಐದು ಸಾಲು, ಐದು ಕಂಬಗಳ 25 ಮನೆಗಳಿದ್ದು, 9 ಮನೆಗಳು ಮೊದಲು ಆಡುವ ತಂಡದವು, 8 ಎರಡನೆಯ ತಂಡದವು, 7 ತಟಸ್ಥ, 1 ಕಂಟಕ. ಒಂದೇ ಕೀಲಿ ಚೀಟಿಯನ್ನು ನಾಲ್ಕು ದಿಕ್ಕಿಗೆ ತಿರುಗಿಸಿದರೆ ನಾಲ್ಕು ಬೇರೆ ಬೇರೆ ಆಟಗಳು ದೊರೆಯುತ್ತವೆ. ಪತ್ತೆಯಾದ ಪದವನ್ನು ಮುಚ್ಚಲು ಕೆಂಪು, ನೀಲಿ, ಬಿಳಿ ಕಾಗದದ ತುಂಡುಗಳು ಸಾಕು.

5. ಆಡುವ ಕ್ರಮ

(1) ತರಗತಿಯನ್ನು ಕೆಂಪು, ನೀಲಿ ಎಂಬ ಎರಡು ತಂಡಗಳಾಗಿ ವಿಂಗಡಿಸಬೇಕು. ತಂಡಕ್ಕೊಬ್ಬ ಸುಳಿವುಗಾರ. ಮಕ್ಕಳ ಸಂಖ್ಯೆ ಹೆಚ್ಚಿದ್ದರೆ ಎರಡು ಆಟಗಳನ್ನು ಏಕಕಾಲದಲ್ಲಿ ನಡೆಸುವುದು ಒಳ್ಳೆಯದು. ತಂಡದಲ್ಲಿ ಆರೇಳು ಮಂದಿಗಿಂತ ಹೆಚ್ಚಾದರೆ ಮೆಲುದನಿಯ ಮಕ್ಕಳು ಬಾಯಿ ಬಿಡುವುದಿಲ್ಲ.

(2) ಇಬ್ಬರು ಸುಳಿವುಗಾರರೂ ಒಂದೇ ಬದಿಯಲ್ಲಿ ಕುಳಿತು ಕೀಲಿ ಚೀಟಿಯನ್ನು ನೋಡಬಹುದು. ಉಳಿದವರು ನೋಡುವಂತಿಲ್ಲ.

(3) ಸರದಿ ಬಂದ ಸುಳಿವುಗಾರನು ಒಂದು ಪದವನ್ನೂ ಒಂದು ಸಂಖ್ಯೆಯನ್ನೂ ಮಾತ್ರ ಹೇಳಬೇಕು. ಆ ಸುಳಿವು ತನ್ನ ತಂಡದ ಎಷ್ಟು ಪದಗಳಿಗೆ ಸಂಬಂಧಿಸಿದೆ ಎಂಬುದನ್ನು ಸಂಖ್ಯೆ ತಿಳಿಸುತ್ತದೆ. ಕಣ್ಸನ್ನೆ, ನಗು, ನಿಟ್ಟುಸಿರು ಯಾವುದೂ ಸಲ್ಲದು.

(4) ತಂಡದವರು ಚರ್ಚಿಸಿ ಒಂದು ಪದವನ್ನು ಮುಟ್ಟಬೇಕು. ಅದು ತಮ್ಮದಾಗಿದ್ದರೆ ಮುಂದುವರಿಯಬಹುದು. ತಟಸ್ಥವಾಗಿದ್ದರೆ ಸರದಿ ಮುಗಿಯಿತು. ಎದುರಾಳಿಯದಾಗಿದ್ದರೆ ಸರದಿ ಮುಗಿಯುವುದಲ್ಲದೆ ಎದುರಾಳಿಗೆ ಒಂದು ಪದ ದಾನವಾಗುತ್ತದೆ. ಕಂಟಕ ಪದವನ್ನು ಮುಟ್ಟಿದರೆ ಆ ತಂಡ ಅಲ್ಲಿಗೇ ಸೋತಂತೆ.

(5) ಪ್ರತಿ ಸರದಿಯಲ್ಲಿ ಕನಿಷ್ಠ ಒಂದು ಊಹೆಯನ್ನು ಮಾಡಲೇಬೇಕು. ಹೇಳಿದ ಸಂಖ್ಯೆಗಿಂತ ಒಂದು ಹೆಚ್ಚು ಊಹೆಗೆ ಅವಕಾಶವಿದೆ. ಹಿಂದಿನ ಸುಳಿವಿನಲ್ಲಿ ತಪ್ಪಿಹೋದ ಪದವನ್ನು ಈಗ ಗಳಿಸಿಕೊಳ್ಳಲು ಈ ಹೆಚ್ಚುವರಿ ಊಹೆ ಉಪಯುಕ್ತ.

(6) ಸುಳಿವು ಪದಗಳ ಅರ್ಥಕ್ಕೆ ಸಂಬಂಧಿಸಿರಬೇಕು. ‘ಕಕಾರದಿಂದ ಆರಂಭವಾಗುವವು’, ‘ಮೂಲೆಯಲ್ಲಿರುವವು’ ಎಂಬಂಥ ಸೂಚನೆಗಳು ನಿಷಿದ್ಧ. ಮೇಜಿನ ಮೇಲೆ ಕಾಣುತ್ತಿರುವ ಪದವನ್ನಾಗಲಿ ಅದರ ಬೇರೊಂದು ರೂಪವನ್ನಾಗಲಿ ಸುಳಿವಾಗಿ ಹೇಳುವಂತಿಲ್ಲ. ಆ ಪದ ಮುಚ್ಚಿಹೋದ ಮೇಲೆ ಹೇಳಬಹುದು.

ಆರನೆಯ ನಿಯಮವೇ ಕನ್ನಡ ಶಿಕ್ಷಕರ ಪಾಲಿನ ಭಾಗ್ಯ. ಮೇಜಿನ ಮೇಲೆ ‘ಓಡು’ ಇದ್ದರೆ ‘ಓಟ’ ಎನ್ನಬಹುದೇ? ಆಗದು, ಕೃದಂತವೂ ಅದೇ ಧಾತುವಿನ ರೂಪ. ‘ತಿಂಗಳು’ ಇದ್ದರೆ ‘ಬೆಳದಿಂಗಳು’ ಎನ್ನಬಹುದೇ? ಆಗದು, ತಕಾರಕ್ಕೆ ದಕಾರ ಆದೇಶವಾಗಿ ಬಂದಿದ್ದರೂ ಒಳಗಿರುವುದು ತಿಂಗಳೇ. ‘ಯಾತ್ರೆ’ ಇದ್ದರೆ ‘ಜಾತ್ರೆ’? ತತ್ಸಮ-ತದ್ಭವಗಳಾದ್ದರಿಂದ ಆಗದೆಂಬುದು ನನ್ನ ಅಭಿಪ್ರಾಯ. ಅರ್ಥ ಬೇರೆಯಾಗಿ ಬೆಳೆದಿರುವುದರಿಂದ ಆಗಬಹುದೆಂದು ವಾದಿಸಿದ ಮಕ್ಕಳೂ ಇದ್ದಾರೆ. ಆ ವಾದವೇ ಪಾಠ. ಸಂಧಿ, ಸಮಾಸ, ತದ್ಭವಗಳನ್ನು ಕರಿಹಲಗೆಯ ಮೇಲೆ ಉರುಹೊಡೆಸಿದಾಗ ಕಾಣದ ಉತ್ಸಾಹ, ಒಂದು ಸರದಿಯನ್ನು ಉಳಿಸಿಕೊಳ್ಳಲು ಅದೇ ವ್ಯಾಕರಣ ಬೇಕಾದಾಗ ಕಾಣಿಸಿಕೊಳ್ಳುತ್ತದೆ.

6. ಒಂದು ಮಾದರಿ ಆಟ

ಶಿಕ್ಷಕರು ಮೊದಲ ದಿನ ಈ 25 ಪದಗಳನ್ನು ಬಳಸಬಹುದು. ಹರಡುವಾಗ ಪದಗಳನ್ನು ಕಲಸಿ ಇಡಬೇಕು.

ಕೆಂಪು ತಂಡ (9): ಹಾಲು, ತಿಂಗಳು, ಬೆಳ್ಳಿ, ಕೆರೆ, ದೋಣಿ, ಮೀನು, ಪತ್ರ, ಗೂಡು, ಕಾಲು.
ನೀಲಿ ತಂಡ (8): ಮಳೆ, ನೇಗಿಲು, ಕಬ್ಬು, ಬೆಲ್ಲ, ಸಂತೆ, ತಕ್ಕಡಿ, ಬೇರು, ಗಾಳಿಪಟ.
ತಟಸ್ಥ (7): ಕನ್ನಡಿ, ಗಡಿಯಾರ, ಹಗ್ಗ, ಅಜ್ಜಿ, ಬಾಗಿಲು, ಕಥೆ, ರಾಗಿ.
ಕಂಟಕ (1): ಮುತ್ತು.

ಕೆಂಪು ತಂಡದ ಸುಳಿವುಗಾರನಿಗೆ ಮೊದಲು ಹೊಳೆಯುವ ಸುಳಿವು ‘ಬಿಳುಪು 3’. ಹಾಲು, ಬೆಳ್ಳಿ, ತಿಂಗಳು ಮೂರೂ ಬಿಳುಪೇ. ಆದರೆ ಮುತ್ತೂ ಬಿಳುಪು. ತಂಡದವರು ಹಾಲಿನ ನಂತರ ಮುತ್ತಿಗೆ ಕೈ ಹಾಕಿದರೆ ಆಟವೇ ಮುಗಿಯಿತು. ಆದ್ದರಿಂದ ಆತ ‘ಹುಣ್ಣಿಮೆ 3’ ಎನ್ನಬೇಕು. ತಿಂಗಳೆಂದರೆ ಚಂದ್ರನೂ ಹೌದೆಂದು ತಿಳಿದವರಿಗೆ ಮೊದಲ ಪದ ಸುಲಭ. ಬೆಳ್ಳಿಯಂಥ ಬೆಳಕಿನಿಂದ ಎರಡನೆಯದು. ಮೂರನೆಯದಾದ ಹಾಲು ಎಲ್ಲಿಂದ ಬರುತ್ತದೆ? ಸೊಲ್ಲಾಪುರ, ಅಕ್ಕಲಕೋಟೆ, ಜತ್ತದ ಮಕ್ಕಳಿಗೆ ಕೋಜಾಗಿರಿ ಹುಣ್ಣಿಮೆಯ ರಾತ್ರಿ ತಿಂಗಳ ಬೆಳಕಿನಲ್ಲಿಟ್ಟು ಕುಡಿಯುವ ಹಾಲು ತಟ್ಟನೆ ನೆನಪಾಗುತ್ತದೆ. ಕಾಸರಗೋಡಿನ ಮಗುವಿಗೆ ಅದು ಹೊಳೆಯಬೇಕಾಗಿಲ್ಲ. ಅಲ್ಲಿನ ಸುಳಿವುಗಾರ ‘ಹುಣ್ಣಿಮೆ 2’ ಎಂದು ಹೇಳಿ ಹಾಲನ್ನು ಬೇರೊಂದು ಸುಳಿವಿಗೆ ಉಳಿಸಿಕೊಳ್ಳುವುದು ಜಾಣತನ. ಒಂದೇ ಸುಳಿವು ಒಂದೂರಿನಲ್ಲಿ ಮೂರಕ್ಕೆ ಸಲ್ಲುತ್ತದೆ, ಇನ್ನೊಂದೂರಿನಲ್ಲಿ ಎರಡಕ್ಕೆ.

ಕೆರೆ, ದೋಣಿ, ಮೀನು ಮೂರಕ್ಕೂ ‘ನೀರು’ ಒಪ್ಪುತ್ತದೆ. ಆದರೆ ನೀಲಿ ತಂಡದ ಮಳೆಯೂ ನೀರಿನ ಹಿಂದೆ ಬರುತ್ತದೆ, ಮುತ್ತು ಕೂಡ ನೀರಿನಲ್ಲೇ ಹುಟ್ಟುತ್ತದೆ. ‘ಬಲೆ 3’ ಎಂದರೆ ಮಳೆ ಹೊರಗುಳಿಯುತ್ತದೆ. ಪತ್ರ, ಗೂಡು ಎರಡನ್ನೂ ‘ಪಾರಿವಾಳ 2’ ಬೆಸೆಯುತ್ತದೆ. ಪಾರಿವಾಳದ ಕಾಲಿಗೆ ಓಲೆ ಕಟ್ಟುತ್ತಿದ್ದ ಕಥೆಯನ್ನು ಬಲ್ಲ ತಂಡವಾದರೆ ‘ಪಾರಿವಾಳ 3’ ಎಂದು ಧೈರ್ಯ ಮಾಡಬಹುದು. ನೀಲಿ ತಂಡಕ್ಕೆ ಕಬ್ಬು, ಬೆಲ್ಲಗಳಿಗೆ ‘ಆಲೆಮನೆ 2’, ಸಂತೆ, ತಕ್ಕಡಿಗಳಿಗೆ ‘ವ್ಯಾಪಾರ 2’ ಸುಲಭ. ಮಳೆ, ನೇಗಿಲುಗಳಿಗೆ ‘ಬೇಸಾಯ 2’ ಎಂದರೆ ತಟಸ್ಥವಾದ ರಾಗಿ ನಡುವೆ ನುಸುಳುತ್ತದೆ. ‘ಉಳುಮೆ 2’ ಎಂದರೆ ಅಪಾಯ ಕಡಿಮೆ. ಬೇರು, ಗಾಳಿಪಟಗಳಿಗೆ ಒಂದೇ ಸುಳಿವು ಸಿಕ್ಕುವುದು ಕಷ್ಟ. ಒಂದೊಂದಾಗಿ ತೆಗೆಯುವುದೇ ದಾರಿ.

7. ಗೆಲ್ಲುವ ಕೌಶಲಗಳು

ಲೆಕ್ಕ ಮೊದಲು. ಮೊದಲು ಆಡುವ ತಂಡಕ್ಕೆ 9 ಪದಗಳು. ಪ್ರತಿ ಸರದಿಗೆ ಎರಡರಂತೆ ತೆಗೆದರೆ ಐದು ಸರದಿಗಳು ಬೇಕು. ಎರಡನೆಯ ತಂಡಕ್ಕೆ 8 ಪದಗಳು; ಎರಡರಂತೆ ತೆಗೆದರೆ ನಾಲ್ಕೇ ಸರದಿಗಳಲ್ಲಿ ಮುಗಿಯುತ್ತದೆ, ಅಂದರೆ ಮೊದಲ ತಂಡದ ಐದನೆಯ ಸರದಿ ಬರುವ ಮುನ್ನವೇ. ಆದ್ದರಿಂದ ಮೊದಲು ಆಡುವವರು ಎಲ್ಲಾದರೂ ಒಂದು ಕಡೆ ಮೂರು ಪದಗಳನ್ನು ಒಟ್ಟಿಗೆ ಬೆಸೆಯಲೇಬೇಕು. ಎಲ್ಲ ಸರದಿಗಳಲ್ಲಿಯೂ ಮೂರಕ್ಕೆ ಹಾರಬೇಕಾಗಿಲ್ಲ. ಗಟ್ಟಿಯಾದ ಎರಡು, ಸಡಿಲವಾದ ನಾಲ್ಕಕ್ಕಿಂತ ಮೇಲು.

ಕಂಟಕವನ್ನು ಮೊದಲು ನೋಡು. ಸುಳಿವು ಹೊಳೆದೊಡನೆ ಹೇಳಬಾರದು. ಅದನ್ನು ಮನಸ್ಸಿನಲ್ಲಿಟ್ಟುಕೊಂಡು ಮೊದಲು ಕಂಟಕ ಪದಕ್ಕೆ, ಅನಂತರ ಎದುರಾಳಿಯ ಪದಗಳಿಗೆ, ಕೊನೆಗೆ ತಟಸ್ಥ ಪದಗಳಿಗೆ ಹೋಲಿಸಿ ನೋಡಬೇಕು. ಎಲ್ಲಿಯೂ ಅಂಟದಿದ್ದರೆ ಮಾತ್ರ ಹೇಳಬೇಕು.

ಕೇಳುವವರ ತಲೆಯಿಂದ ಯೋಚಿಸು. ಸುಳಿವುಗಾರನ ಬುದ್ಧಿವಂತಿಕೆ ತಂಡಕ್ಕೆ ತಲುಪದಿದ್ದರೆ ವ್ಯರ್ಥ. ಹಳಗನ್ನಡದ ಅಪರೂಪದ ಪದ ಅವನಿಗೆ ಗೊತ್ತಿದ್ದರೆ ಸಾಲದು; ಕೇಳುವವರಿಗೂ ಗೊತ್ತಿರಬೇಕು.

ಬಲವಾದದ್ದನ್ನು ಮೊದಲು ಮುಟ್ಟು. ಊಹಿಸುವವರು ತಮಗೆ ಅತ್ಯಂತ ಖಚಿತವೆನಿಸಿದ ಪದದಿಂದ ಆರಂಭಿಸಬೇಕು. ಸಂಶಯದ ಪದ ಕೊನೆಗಿರಲಿ. ಸುಳಿವುಗಾರ ಏನನ್ನು ಹೇಳಲಿಲ್ಲ ಎಂಬುದನ್ನೂ ಯೋಚಿಸಬೇಕು: ‘ನೀರು’ ಎನ್ನಬಹುದಾಗಿದ್ದಲ್ಲಿ ‘ಬಲೆ’ ಎಂದನೇಕೆ? ನೀರಿಗೆ ಅಂಟುವ ಯಾವುದೋ ಪದ ತಮ್ಮದಲ್ಲವೆಂದೇ ಅಲ್ಲವೇ?

ಶೂನ್ಯವೂ ಸುಳಿವು. ‘ಬಿಳುಪು 0’ ಎಂದರೆ ನಮ್ಮ ಯಾವ ಪದವೂ ಬಿಳುಪಿಗೆ ಸೇರಿದ್ದಲ್ಲವೆಂದು ಅರ್ಥ. ಆ ಸರದಿಯಲ್ಲಿ ಎಷ್ಟು ಊಹೆಗಳನ್ನಾದರೂ ಮಾಡಬಹುದು. ನುರಿತ ತಂಡಗಳಿಗೆ ಮಾತ್ರ ಇದನ್ನು ಕಲಿಸಬೇಕು.

8. ಪದಗಳ ಆಯ್ಕೆ

ಎಲ್ಲ ಚೀಟಿಗಳೂ ಒಂದೇ ಅರ್ಥದ ಪದಗಳಾದರೆ ಆಟ ಸಪ್ಪೆ. ಮೂರರಲ್ಲೊಂದು ನಾನಾರ್ಥದ ಪದವಾಗಿರಲಿ: ಕಾಡು (ಅರಣ್ಯ, ಪೀಡಿಸು), ಅರಸು (ರಾಜ, ಹುಡುಕು), ಕಳೆ (ಹುಲ್ಲು, ಕಾಂತಿ, ವ್ಯವಕಲನ), ಆಡು (ಮೇಕೆ, ಕ್ರೀಡಿಸು, ನುಡಿ), ಅಡಿ (ಕೆಳಗೆ, ಅಳತೆ), ಮಡಿ (ಶುಚಿ, ಮಡಿಸು, ಸಾಯು, ತೋಟದ ಪಾತಿ), ಹತ್ತು (ಸಂಖ್ಯೆ, ಏರು), ಕಾಲು (ಅವಯವ, ನಾಲ್ಕನೆಯ ಒಂದು ಭಾಗ). ‘ಲೆಕ್ಕ 3’ ಎಂಬ ಸುಳಿವಿಗೆ ಕಳೆ, ಹತ್ತು, ಕಾಲು ಒಟ್ಟಿಗೆ ಬಂದಾಗ ಮಕ್ಕಳ ಮುಖದಲ್ಲಿ ಮೂಡುವ ಬೆಳಕನ್ನು ನೋಡಬೇಕು. ಉಳಿದ ಚೀಟಿಗಳಲ್ಲಿ ಆ ತಿಂಗಳ ಪಾಠಗಳ ಹೊಸ ಪದಗಳು ಹತ್ತಾದರೂ ಇರಲಿ.

9. ಗಡಿನಾಡಿನ ತರಗತಿಯ ವಿಶೇಷ

ಇನ್ನು ನನ್ನದೇ ಒಂದು ತಪ್ಪನ್ನು ಹೇಳಬೇಕು.

ಕೆಲವು ವರ್ಷಗಳ ಹಿಂದೆ ಕಾಸರಗೋಡು ಕಡೆಯ ಒಂದು ಶಾಲೆಯ ಏಳನೆಯ ತರಗತಿಯಲ್ಲಿ ಶಿಕ್ಷಕರ ಎದುರು ಈ ಆಟವನ್ನು ಆಡಿಸಿ ತೋರಿಸುತ್ತಿದ್ದೆ. ಸುಳಿವುಗಾರ್ತಿಯಾಗಿದ್ದ ಹುಡುಗಿ ಮಿತಭಾಷಿ. ಮನೆಯಲ್ಲಿ ಮಲಯಾಳ ಆಡುವವಳು. ಅವಳು ಬಹಳ ಹೊತ್ತು ಯೋಚಿಸಿ ‘ಮುಡಿ 3’ ಎಂದಳು. ಅವಳ ತಂಡದವರು ‘ಹೂವು’ ಮುಟ್ಟಿದರು, ಸರಿಯಾಯಿತು. ಅನಂತರ ‘ಅಕ್ಕಿ’ಯ ಕಡೆಗೆ ಕೈ ಚಾಚಿದರು. ನಾನು ಬಯಲುಸೀಮೆಯಲ್ಲಿ ಬೆಳೆದವನು. ತಡೆಯಲಾರದೆ, ‘ಮುಡಿಗೂ ಅಕ್ಕಿಗೂ ಏನು ಸಂಬಂಧ? ಸರಿಯಾಗಿ ಯೋಚಿಸಿ’ ಎಂದುಬಿಟ್ಟೆ. ಮಕ್ಕಳು ಕೈ ಹಿಂದೆಗೆದರು. ಬೇರೇನನ್ನೋ ಮುಟ್ಟಿದರು, ಅದು ತಟಸ್ಥ ಪದ. ಹುಡುಗಿ ತಲೆ ತಗ್ಗಿಸಿದಳು.

ಸರದಿ ಮುಗಿದ ಮೇಲೆ ಕೇಳಿದಾಗ ಅವಳು ಮೆಲ್ಲಗೆ ಹೇಳಿದಳು: ‘ಸರ್, ಅಜ್ಜನ ಮನೆಯಲ್ಲಿ ಅಕ್ಕಿ ಮುಡಿ ಉಂಟು. ತೆಯ್ಯದ ತಲೆಯ ಮೇಲೆ ಇರುವುದೂ ಮುಡಿಯೇ ಅಲ್ವಾ?’ ಮೂರನೆಯ ಪದ ‘ಕಿರೀಟ’ ಆಗಿತ್ತು. ಬೈಹುಲ್ಲಿನಲ್ಲಿ ಅಕ್ಕಿಯನ್ನು ಬಿಗಿದು ಕಟ್ಟುವ ಮುಡಿ, ಹೂ ಮುಡಿಯುವ ಮುಡಿ, ತೆಯ್ಯದ ಶಿರೋಭೂಷಣವಾದ ಮುಡಿ, ಈ ಮೂರನ್ನು ಒಂದೇ ಪದದಲ್ಲಿ ಕಟ್ಟಿದ್ದಳು ಆ ಹುಡುಗಿ. ಅಂದು ಆ ಮೇಜಿನ ಮೇಲೆ ಬಂದ ಸುಳಿವುಗಳಲ್ಲಿ ಅದಕ್ಕಿಂತ ಉತ್ತಮವಾದದ್ದು ಇನ್ನೊಂದಿರಲಿಲ್ಲ. ಅದನ್ನು ಕೆಡಿಸಿದವನು, ಕನ್ನಡವನ್ನು ಕಲಿಸಲು ಬಂದಿದ್ದ ನಾನು. ತಪ್ಪು ನನ್ನದೆಂದು ತರಗತಿಯ ಎದುರಿಗೇ ಒಪ್ಪಿಕೊಂಡು ಆ ಸರದಿಯನ್ನು ಮತ್ತೆ ಆಡಿಸಿದೆ. ಆದರೆ ಅವಳು ಅಂದು ಮತ್ತೆ ಸುಳಿವುಗಾರ್ತಿಯಾಗಲು ಒಪ್ಪಲಿಲ್ಲ.

ಗಡಿನಾಡಿನ ಮಕ್ಕಳ ಕನ್ನಡವನ್ನು ನಾವು ಎಷ್ಟೋ ಸಲ ಕೊರತೆಯ ಲೆಕ್ಕದಲ್ಲಿಯೇ ಅಳೆಯುತ್ತೇವೆ. ಆ ಮಗುವಿನ ಕನ್ನಡದಲ್ಲಿ ನನ್ನ ಕನ್ನಡಕ್ಕಿಂತ ಎರಡು ಅರ್ಥಗಳು ಹೆಚ್ಚಿಗಿದ್ದವು. ಅಂದಿನಿಂದ ಎರಡು ನಿಯಮಗಳನ್ನು ಸೇರಿಸಿಕೊಂಡಿದ್ದೇನೆ.

ಮೊದಲನೆಯದು: ಆಟ ನಡೆಯುತ್ತಿರುವಾಗ ಶಿಕ್ಷಕರು ಅರ್ಥದ ತೀರ್ಪುಗಾರರಲ್ಲ. ನಿಯಮ ಮುರಿದರೆ ಮಾತ್ರ ಮಾತನಾಡಬೇಕು. ಅರ್ಥದ ಪ್ರಶ್ನೆಗಳಿಗೆ ಆಟ ಮುಗಿದ ಮೇಲೆ ಸಮಯವಿದೆ.

ಎರಡನೆಯದು: ಸುಳಿವು ಕನ್ನಡದಲ್ಲಿಯೇ ಇರಬೇಕು, ಊರಿನ ಕನ್ನಡವೂ ಕನ್ನಡವೇ, ಬಸ್ಸು, ಪೆನ್ನುಗಳಂತೆ ಬಳಕೆಯಲ್ಲಿ ಬೆರೆತ ಪದಗಳೂ ಸಲ್ಲುತ್ತವೆ. ಊಹಿಸುವವರು ತಮ್ಮೊಳಗೆ ಮನೆಮಾತಿನಲ್ಲಿ ಯೋಚಿಸಿದರೆ ಗದರಿಸಬಾರದು. ಕೊನೆಗೆ ಕಾರಣವನ್ನು ಕನ್ನಡದಲ್ಲಿ ಹೇಳಿದರೆ ಸಾಕು.

ಮನೆಮಾತು ದಾರಿ ತಪ್ಪಿಸುವುದೂ ಉಂಟು. ‘ಅವಸರ’ವೆಂದರೆ ಕನ್ನಡದಲ್ಲಿ ಆತುರ. ತಾಳವಾಡಿ, ಹೊಸೂರಿನ ಮಗುವಿಗೆ ತಮಿಳಿನಲ್ಲಿಯೂ ಅದೇ ಅರ್ಥ. ಮಡಕಶಿರಾ, ರಾಯದುರ್ಗದ ಮಗುವಿಗೆ ತೆಲುಗಿನಲ್ಲಿ ಅದು ಅಗತ್ಯ. ಕಾಸರಗೋಡು, ವಯನಾಡಿನ ಮಗುವಿಗೆ ಮಲಯಾಳದಲ್ಲಿ ಅದು ಅವಕಾಶ. ‘ಪಾಲು’ ಎಂದರೆ ನಮಗೆ ಭಾಗ, ತೆಲುಗಿನಲ್ಲಿ ಹಾಲು. ‘ಸಂಸಾರ’ ನಮಗೆ ಕುಟುಂಬ, ಮಲಯಾಳದಲ್ಲಿ ಮಾತುಕತೆ. ‘ಪಟ್ಟಿ’ ಎಂಬ ಚೀಟಿ ಮೇಜಿನ ಮೇಲಿದ್ದು ‘ಕಾವಲು’ ಎಂಬ ಸುಳಿವು ಬಂದರೆ ಮಲಯಾಳ ಬಲ್ಲ ಮಗು ಪಟ್ಟಿಯನ್ನೇ ಮುಟ್ಟುತ್ತದೆ, ಏಕೆಂದರೆ ಆ ಭಾಷೆಯಲ್ಲಿ ಅದು ನಾಯಿ. ತರಗತಿ ನಗುತ್ತದೆ, ನಗಲಿ. ಆದರೆ ನಕ್ಕ ಮೇಲೆ ಶಿಕ್ಷಕರು ಕರಿಹಲಗೆಯ ಮೇಲೆ ಎರಡು ಕಂಬಗಳನ್ನು ಎಳೆದು, ಒಂದರಲ್ಲಿ ಕನ್ನಡದ ಅರ್ಥವನ್ನೂ ಇನ್ನೊಂದರಲ್ಲಿ ಮನೆಮಾತಿನ ಅರ್ಥವನ್ನೂ ಬರೆಯಬೇಕು. ಅದರ ಜೊತೆಯಲ್ಲೇ ತೆಲುಗಿನ ಪಾಲೂ ಕನ್ನಡದ ಹಾಲೂ ಒಂದೇ ಎಂಬುದನ್ನೂ, ಮರಾಠಿಯ ತೂಪ್ ಮತ್ತು ನಮ್ಮ ತುಪ್ಪ ಒಂದೇ ಗಡಿಗೆಯವು ಎಂಬುದನ್ನೂ ತೋರಿಸಿದರೆ, ತಪ್ಪೆಂದುಕೊಂಡದ್ದು ನೆಂಟಸ್ತಿಕೆಯಾಗಿ ಕಾಣುತ್ತದೆ. ಹಳಗನ್ನಡದಲ್ಲಿ ನಮ್ಮ ಹಾಲೂ ‘ಪಾಲ್’ ಆಗಿತ್ತೆಂಬುದನ್ನು ಹೇಳಲು ಇದಕ್ಕಿಂತ ಒಳ್ಳೆಯ ಗಳಿಗೆ ಸಿಗದು.

10. ಪಾಠದ ವಿಂಗಡಣೆ

ಮೊದಲ ಪಾಠ: ನಿಯಮಗಳ ವಿವರಣೆ 10 ನಿಮಿಷ, ಶಿಕ್ಷಕರೇ ಸುಳಿವುಗಾರರಾಗಿ ಎರಡು ಸರದಿಗಳ ಪ್ರದರ್ಶನ 10 ನಿಮಿಷ, ಮಕ್ಕಳಿಂದ ಆಟ 20 ನಿಮಿಷ.

ಎರಡನೆಯ ಪಾಠ: ಆಟ 25 ನಿಮಿಷ, ಚರ್ಚೆ ಮತ್ತು ಬರವಣಿಗೆ 15 ನಿಮಿಷ. ಸುಳಿವಿಗೆ ಎರಡು ನಿಮಿಷಗಳ ಮಿತಿ ಇರಲಿ. ಸುಳಿವುಗಾರರು ಪ್ರತಿ ಆಟಕ್ಕೂ ಬದಲಾಗಬೇಕು. ಇಲ್ಲವಾದರೆ ಚುರುಕಾದ ಇಬ್ಬರೇ ವರ್ಷವಿಡೀ ಆಡುತ್ತಾರೆ. ಸಂಕೋಚ ಸ್ವಭಾವದ ಮಕ್ಕಳಿಗೆ ಜೊತೆಯಾಗಿ ಇನ್ನೊಬ್ಬ ಸುಳಿವುಗಾರನನ್ನು ಕೊಡಬಹುದು.

11. ಮೌಲ್ಯಮಾಪನ

ಗೆಲುವು ಸೋಲುಗಳಿಗೆ ಅಂಕಗಳನ್ನು ಕೊಡಬಾರದು. ಆಟ ಮುಗಿದ ಮೇಲೆ ಪ್ರತಿಯೊಂದು ಮಗುವೂ ತಾನು ಕೇಳಿದ ಒಂದು ಸುಳಿವನ್ನು ಆರಿಸಿ, ಅದು ಆ ಪದಗಳಿಗೆ ಹೇಗೆ ಸೇತುವೆಯಾಯಿತೆಂದು ನಾಲ್ಕು ವಾಕ್ಯಗಳಲ್ಲಿ ಬರೆಯಲಿ. ಮನೆಗೆಲಸವಾಗಿ ಹಿರಿಯರನ್ನು ಕೇಳಿ, ಪುಸ್ತಕದಲ್ಲಿಲ್ಲದ ಅರ್ಥವುಳ್ಳ ಒಂದು ಊರಿನ ಪದವನ್ನು ತರಲಿ. ಮುಂದಿನ ಆಟಕ್ಕೆ ಅದೇ ಹೊಸ ಚೀಟಿ. ವರ್ಷದ ಕೊನೆಗೆ ಆ ಚೀಟಿಗಳ ಪೆಟ್ಟಿಗೆಯೇ ನಿಮ್ಮ ಶಾಲೆಯ ಕಿರು ಪದಕೋಶವಾಗುತ್ತದೆ. ನನ್ನ ಪೆಟ್ಟಿಗೆಯ ಮೊದಲ ಚೀಟಿಯ ಮೇಲೆ ಇಂದಿಗೂ ‘ಮುಡಿ’ ಎಂದು ಬರೆದಿದೆ.

ಅಭ್ಯಾಸಕ್ಕೆ

(ಅ) ಬೇರು, ಗೂಡು, ಅಜ್ಜಿ: ಈ ಮೂರಕ್ಕೂ ಸಲ್ಲುವ ಒಂದು ಸುಳಿವನ್ನು ಸೂಚಿಸಿ, ಕಾರಣ ತಿಳಿಸಿರಿ.
(ಆ) ಮೇಜಿನ ಮೇಲೆ ‘ಹಣ್ಣು’ ಇರುವಾಗ ‘ಹಣ್ಣೆಲೆ’, ‘ಫಲ’, ‘ಮಾಗು’ ಇವುಗಳಲ್ಲಿ ಯಾವುದನ್ನು ಸುಳಿವಾಗಿ ಒಪ್ಪುವಿರಿ? ಏಕೆ?
(ಇ) ನಿಮ್ಮ ಊರಿನಲ್ಲಿ ಮಾತ್ರ ಮೂರು ಅರ್ಥಗಳಿರುವ ಒಂದು ಕನ್ನಡ ಪದವನ್ನು ಹುಡುಕಿ, ಅದನ್ನು ಸುಳಿವಾಗಿ ಬಳಸುವಂಥ 25 ಪದಗಳ ಒಂದು ಆಟವನ್ನು ರಚಿಸಿರಿ.